ಹೋಳಿಗೆ ಕದ್ದು ಪಾಠ ಹೇಳಿದವರು

ಅವರ ಬಲಗಿವಿಯ ಹಿಂದೆ ಯಾವಾಗಲೂ ಒಂದು ತುಂಡು ಸೀಮೆಸುಣ್ಣ ಸಿಕ್ಕಿಕೊಂಡಿರುತ್ತಿತ್ತು. ಬಡಗಿಗಳು ಪೆನ್ಸಿಲ್ ಇಟ್ಟುಕೊಳ್ಳುತ್ತಾರಲ್ಲ, ಹಾಗೆ. ಪಾಠ ಮುಗಿಸಿ ಹೊರಗೆ ಬಂದರೂ ಅದು ಅಲ್ಲೇ. ತರಕಾರಿ ಕೊಳ್ಳುವಾಗಲೂ ಅಲ್ಲೇ. "ಮೇಡಂ, ಕಿವಿಯಾಗ ಸುಣ್ಣ ಅದರಿ" ಅಂದರೆ, "ಇರ್ಲಿ ಬಿಡು, ಕಿವಿ ಏನು ಅಳಿಸಿ ಹೋಗ್ತದೇನು?" ಅನ್ನುತ್ತಿದ್ದರು. ಗಂಜಿ ಹಾಕಿದ ಕಾಟನ್ ಸೀರೆ, ಅದರ ಕೆಳಗೆ ಗಂಡಸರು ಓಡುವಾಗ ಹಾಕಿಕೊಳ್ಳುವಂಥ ದಪ್ಪ ಬೂಟು. ಹಿಮ್ಮಡಿ ನೋವಿತ್ತು. ಹುಡುಗರು ಹಿಂದೆ ನಿಂತು ನಕ್ಕರೆ ಬೂಟು ನೆಲಕ್ಕೆ ಕುಟ್ಟಿ ಇನ್ನೂ ಜೋರಾಗಿ ಸಪ್ಪಳ ಮಾಡಿಕೊಂಡು ನಡೆಯುತ್ತಿದ್ದರು.

ಬೀದರಿನ ನಮ್ಮ ಕಾಲೇಜಿನಲ್ಲಿ ಅವರು ಕಂಪ್ಯೂಟರ್ ಕಲಿಸುತ್ತಿದ್ದರು. ಊರು ಭಾಲ್ಕಿ ತಾಲೂಕಿನ ಭಾತಂಬ್ರಾ. ಮದುವೆಯಾಗಿರಲಿಲ್ಲ; ಬೀದರಿನಲ್ಲಿ ಬಾಡಿಗೆ ಮನೆ ಹಿಡಿದಿದ್ದರು, ಶನಿವಾರ ಬಂತೆಂದರೆ ಭಾಲ್ಕಿ ಬಸ್ಸು ಹತ್ತಿ ಊರಿಗೆ, ತಾಯಿಯ ಹತ್ತಿರ. ಈಗ ಅವರಿಲ್ಲ. ಅವರು ತೀರಿಕೊಂಡ ಮೇಲೆ ಅವರ ಅಣ್ಣ ನನಗೆ ಫೋನ್ ಮಾಡಿದರು. ತಂಗಿ ಕೊನೆಯ ತಿಂಗಳುಗಳಲ್ಲಿ ನಿಮಗೆ ಬರೆದ ಮೆಸೇಜುಗಳನ್ನೆಲ್ಲ ನಮಗೆ ತೋರಿಸಬೇಕು ಅಂದರು. ಅವುಗಳನ್ನು ಯಾರಿಗೂ ತೋರಿಸುವುದಿಲ್ಲ ಎಂದು ನಾನು ಮೇಡಂಗೆ ಮಾತು ಕೊಟ್ಟಿದ್ದೆ. ಕೇಳುತ್ತಿರುವವರು ಒಡಹುಟ್ಟಿದ ಅಣ್ಣ; ಇನ್ನೂ ಕಣ್ಣೀರು ಆರಿಲ್ಲ. ಏನು ಹೇಳಲಿ? ಆ ಸಂಕಟ ಎಂಥದ್ದು ಎಂದು ತಿಳಿಯಬೇಕಾದರೆ ಆಕೆ ನನಗೆ ಏನಾಗಿದ್ದರು ಎನ್ನುವುದನ್ನು ಹೇಳಲೇಬೇಕು.

ನನ್ನ ಊರು ಔರಾದ್ ತಾಲೂಕಿನ ಸಂತಪುರ. ಕುರಿ ಸಾಕುವ, ಮಳೆ ನಂಬಿ ತೊಗರಿ ಬಿತ್ತುವ ಮನೆ. ಬೀದರಿನಲ್ಲಿ ರೂಮು ಮಾಡಿಕೊಂಡು ಓದುವ ನಮ್ಮ ಕಡೆಯ ಮಕ್ಕಳಿಗೆ ಊರಿನಿಂದ ಬುತ್ತಿ ಬರುವುದು ಬಸ್ಸಿನಲ್ಲಿ. ಬೆಳಿಗ್ಗೆ ಔರಾದಿನಿಂದ ಬರುವ ಬಸ್ಸಿಗೆ ತಾಯಂದಿರು ಡಬ್ಬಿ ಕೊಟ್ಟರೆ ಅವೆಲ್ಲ ಡ್ರೈವರನ ಪಕ್ಕದಲ್ಲಿ ಸಾಲಾಗಿ ಕುಳಿತು ಪ್ರಯಾಣ ಮಾಡುತ್ತವೆ. ಬೀದರ್ ಸ್ಟ್ಯಾಂಡಿನಲ್ಲಿ ನಾವು ಕಾದಿದ್ದು ಇಳಿಸಿಕೊಳ್ಳುತ್ತೇವೆ. ಡಬ್ಬಿಯ ಮೇಲೆ ಹೆಸರು ಬರೆದಿರುತ್ತದೆ, ಅಷ್ಟೆ. ಆದರೆ ನನ್ನ ಡಬ್ಬಿ ಮಾತ್ರ ದಾರಿಯಲ್ಲಿ ಸೊರಗುತ್ತಿತ್ತು. ರೊಟ್ಟಿ ಬರುತ್ತಿದ್ದವು, ಪುಂಡಿಪಲ್ಯ ಬರುತ್ತಿತ್ತು, ಶೇಂಗಾ ಹೋಳಿಗೆ ಬರುತ್ತಿರಲಿಲ್ಲ. ಅವ್ವನಿಗೆ ಹೇಳಿದೆ. ಅವ್ವ ಸಿಟ್ಟಿಗೆದ್ದು ಮುಂದಿನ ಸಲ ಡಬ್ಬಿಗೆ ಬೀಗ ಜಡಿದಳು. ಮಗಳು ತೆಗೆಯಬೇಕಲ್ಲ? ಅದಕ್ಕೆ ಚಾವಿಯನ್ನು ದಾರದಿಂದ ಆ ಡಬ್ಬಿಯ ಹಿಡಿಕೆಗೇ ಕಟ್ಟಿ ಕಳಿಸಿದಳು.

ಸ್ಟ್ಯಾಂಡಿನಿಂದ ಸೀದಾ ಕ್ಲಾಸಿಗೆ ಹೋಗಿದ್ದೆ. ಮೇಡಂ ಡಬ್ಬಿ ನೋಡಿದರು, ಬೀಗ ನೋಡಿದರು, ಪಕ್ಕದಲ್ಲೇ ತೂಗಾಡುತ್ತಿದ್ದ ಚಾವಿ ನೋಡಿದರು. ಆಮೇಲೆ ಮೇಜು ಹಿಡಿದುಕೊಂಡು ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ನನಗೆ ಉರಿದುಹೋಯಿತು.

"ನಗಬ್ಯಾಡ್ರಿ ಮೇಡಂ. ನಮ್ಮವ್ವ ಸಾಲಿ ಕಲ್ತಿಲ್ಲ."

"ಏ, ಸಾಲಿ ಕಲ್ತವರೂ ಇದೇ ಜಾಗಾದಾಗ ಬಿದ್ದು ಒದ್ದಾಡ್ಯಾರ," ಅಂದರು ಸೆರಗಿನಿಂದ ಕಣ್ಣೊರೆಸಿಕೊಂಡು. "ಬೀಗ ಮಾಡೂದು ದೊಡ್ಡ ಮಾತಲ್ಲ. ಚಾವಿ ಕಳ್ಸೂದು ಹ್ಯಾಂಗ? ಅದೇ ದಾರೀಲೆ ಕಳಿಸಿದ್ರ ಕಳ್ಳನ ಕೈಗೂ ಸಿಗ್ತದ. ಇವತ್ತಿನ ಪಾಠ ಇದೇ ಅದ. ನಿಮ್ಮವ್ವ ಸುರು ಮಾಡ್ಯಾರ, ನಾವು ಮುಗಿಸೂಣು."

ಇಂಟರ್ನೆಟ್ ಅಂದರೆ ಔರಾದ್ ಬಸ್ಸು ಇದ್ದ ಹಾಗೆ ಎಂದು ಅವರು ಹೇಳಿದ್ದು ಆವತ್ತೇ. ನಾವು ಕಳಿಸಿದ ಮಾತು ನೇರವಾಗಿ ಹೋಗಿ ಇನ್ನೊಬ್ಬರ ಕೈ ಸೇರುವುದಿಲ್ಲ; ಹತ್ತು ಕೈ ದಾಟಿ ಹೋಗುತ್ತದೆ, ದಾರಿಯಲ್ಲಿ ಯಾರು ಬೇಕಾದರೂ ಮುಚ್ಚಳ ತೆಗೆಯಬಹುದು. ಬಸ್ಸು ಬದಲಿಸಲು ಆಗುವುದಿಲ್ಲ. ಡಬ್ಬಿಯನ್ನೇ ಗಟ್ಟಿ ಮಾಡಬೇಕು. ಹಾಗಾದರೆ ಚಾವಿಯ ಗತಿ? ಇಡೀ ಕ್ಲಾಸು ತಲೆ ಕೆರೆದುಕೊಂಡಿತು. ಒಬ್ಬ ಹುಡುಗ, ಚಾವಿಯನ್ನು ಬೇರೆ ಬಸ್ಸಿನಲ್ಲಿ ಕಳಿಸಬೇಕು ಅಂದ. "ಹೌದಪ್ಪಾ, ಆ ಬಸ್ಸಿನಾಗ ಎಲ್ಲರೂ ಸಂತರೇ ಕುಂತಿರ್ತಾರ" ಅಂದರು ಮೇಡಂ.

ಆಮೇಲೆ ತಮ್ಮ ಚೀಲದಿಂದ ಒಂದು ಬೀಗ ತೆಗೆದು ತೋರಿಸಿದರು. ಚಾವಿಯಿಲ್ಲದೆ ಸುಮ್ಮನೆ ಒತ್ತಿದರೆ ಹಾಕಿಕೊಳ್ಳುವ ಬೀಗ. "ಚಾವಿ ಕಳಿಸ್ಲೇ ಬ್ಯಾಡ. ತೆರೆದ ಬೀಗ ಕಳಿಸು. ಚಾವಿ ನಿನ್ನ ಹತ್ರನ ಇರ್ಲಿ. ನಿಮ್ಮವ್ವ ರೊಟ್ಟಿ ಇಟ್ಟು ಒತ್ತಿಬಿಟ್ರ, ಆಮ್ಯಾಗ ಅವರಿಗೂ ತೆಗಿಯಾಕ ಬರಂಗಿಲ್ಲ. ತೆಗಿಯಾಕಿ ನೀ ಒಬ್ಬಾಕಿನೇ." ಮತ್ತೆ ಸೇರಿಸಿದರು: "ದಿನಾ ಹಿಂಗ ಬೀಗ ಓಡಾಡಿಸೂದು ತಕ್ಲೀಫ್. ಅದಕ ಮೊದಲ್ನೇ ಸಲ ಆ ಡಬ್ಬಿಯೊಳಗ ರೊಟ್ಟಿ ಜೊತಿ ಬ್ಯಾರೆ ಬೀಗದ್ದೊಂದು ಚಾವಿ ಇಟ್ಟು ಕಳ್ಸಾಕ ಹೇಳು. ಅದರ ಜೋಡಿ ಚಾವಿ ಅವರ ಹತ್ರ, ಇದು ನಿನ್ನ ಹತ್ರ. ಮುಂದ ಎಲ್ಲಾ ಆ ಬೀಗದಾಗೇ ನಡೀತದ." ನಾವು ಒಂದು ವೆಬ್‌ಸೈಟು ತೆರೆದಾಗ, ಕಣ್ಣು ಮಿಟುಕಿಸುವುದರೊಳಗೆ ಎರಡು ಕಂಪ್ಯೂಟರುಗಳು ಮಾಡಿಕೊಳ್ಳುವ ಗುಟ್ಟಿನ ಒಪ್ಪಂದದ ಬಗೆ ಇದು ಎಂದು ಆಮೇಲೆ ಬೋರ್ಡಿನ ಮೇಲೆ ಲೆಕ್ಕ ಹಾಕಿ ತೋರಿಸಿದರು. ಪುಸ್ತಕದಲ್ಲಿ ಅದು ಇಪ್ಪತ್ತು ಪುಟ ಇತ್ತು. ನನಗೆ ಪುಸ್ತಕ ಮರೆತಿದೆ, ಡಬ್ಬಿ ಮರೆತಿಲ್ಲ.

ಮೇಡಂ ಕೊಟ್ಟ ಆ ಬೀಗವನ್ನೇ, ತೆರೆದಿಟ್ಟು, ಕಾಗದದಲ್ಲಿ ಸುತ್ತಿ, ಸಂಜೆಯ ಬಸ್ಸಿನ ಕಂಡಕ್ಟರನ ಕೈಗೆ ಕೊಟ್ಟೆ. ಅವ್ವನಿಗೆ ಫೋನಿನಲ್ಲಿ ಎಲ್ಲ ತಿಳಿಸಿ ಹೇಳಿದೆ. "ಒತ್ತಿದ ಮ್ಯಾಲ ನನಗೂ ತೆಗಿಯಾಕ ಬರಂಗಿಲ್ಲಾ? ಹಂಗಾದ್ರ ಉಪ್ಪು ಹಾಕೂದು ಮರ್ತಿದ್ರ ಏನ್ ಮಾಡ್ಲಿ?" ಅಂದಳು. ಮರುದಿನ ಡಬ್ಬಿ ಬಂತು. ಬೀಗ ಗಟ್ಟಿಯಾಗಿತ್ತು, ನನ್ನ ಚಾವಿಗೆ ತೆರೆದುಕೊಂಡಿತು. ರೊಟ್ಟಿ ಇದ್ದವು, ಪಲ್ಯ ಇತ್ತು. ಹೋಳಿಗೆ ಇರಲಿಲ್ಲ!

ಅವ್ವ ಇಟ್ಟಿದ್ದೇನೆ ಎಂದು ಆಣೆ ಮಾಡಿದಳು. ನಾನು ಕಂಡಕ್ಟರನ ಮೇಲೆ ಕೂಗಾಡಿ ಕ್ಲಾಸಿಗೆ ಹೋದರೆ ಮೇಡಂ ಮೇಜಿನ ಮೇಲೆ ಕುಳಿತು ಬೆರಳು ನೆಕ್ಕುತ್ತಿದ್ದರು. "ನಿಮ್ಮವ್ವನ ಕೈ ಬಂಗಾರದ ಕೈ ಅದ ನೋಡು. ಬೆಲ್ಲ ಒಂಚೂರು ಜಾಸ್ತಿ."

ಆಗಿದ್ದು ಇಷ್ಟು. ನಾನು ಕಂಡಕ್ಟರನಿಗೆ ಬೀಗ ಕೊಟ್ಟು ಬೆನ್ನು ತಿರುಗಿಸಿದ ಕೂಡಲೇ ಮೇಡಂ ಹೋಗಿ, ಅವನನ್ನು ಪುಸಲಾಯಿಸಿ, ನನ್ನ ಬೀಗ ತಾವಿಟ್ಟುಕೊಂಡು ಅಂಥದೇ ಇನ್ನೊಂದು ತೆರೆದ ಬೀಗ ಕೊಟ್ಟಿದ್ದರು. ಅವ್ವ ಪಾಪ, ಮಗಳ ಬೀಗವೆಂದು ತಿಳಿದು ಅದನ್ನು ಒತ್ತಿದ್ದಳು. ಬೆಳಿಗ್ಗೆ ನನಗಿಂತ ಮೊದಲು ಸ್ಟ್ಯಾಂಡಿಗೆ ಬಂದ ಮೇಡಂ ತಮ್ಮ ಚಾವಿಯಿಂದ ಡಬ್ಬಿ ತೆರೆದು, ಹೋಳಿಗೆ ಎತ್ತಿಕೊಂಡು, ನನ್ನ ಬೀಗ ಹಾಕಿ ಇಟ್ಟು ಹೋಗಿದ್ದರು. ಇಡೀ ಕ್ಲಾಸು ಬೆಂಚು ಬಡಿದು ನಕ್ಕಿತು. ಈ ಸಲ ನಾನೂ ನಕ್ಕೆ.

"ಬೀಗ ಖರೇನೇ ಗಟ್ಟಿ ಇತ್ತು," ಅಂದರು. "ಆದ್ರ ಬೀಗ ಯಾರ್ದು ಅಂತ ನಿಮ್ಮವ್ವಗ ಗೊತ್ತಿರ್ಲಿಲ್ಲ. ನಡುವ ಕುಂತಾವ ಆ ಕಡಿಗಿ ನಾನೇ ಮಗಳು ಅಂತಾನ, ಈ ಕಡಿಗಿ ನಾನೇ ಅವ್ವ ಅಂತಾನ. ನಿಮ್ಮೂರಾಗ ನಿಮ್ಮವ್ವ ಯಾರ ಮಾತು ನಂಬ್ತಾರ?"

"ಅಂಗನವಾಡಿ ಅಕ್ಕಂದು."

"ಅಕಿ ಬೀದರಿಗಿ ಮೀಟಿಂಗಿಗಿ ಬಂದಾಗ ಬೀಗ ತೋರಿಸಿ, ಅಕಿ ಕೈಲೆ ಒಂದು ಗಂಟು ಹಾಕಿಸು. ಅಕಿ ಗಂಟು ನಿಮ್ಮವ್ವಗ ಗುರ್ತದ. ಆ ಗಂಟಿದ್ರ ಬೀಗ ನಿಂದು, ಇಲ್ಲಂದ್ರ ಕಳ್ಳಂದು." ಬ್ಯಾಂಕಿನ ವೆಬ್‌ಸೈಟು ನಿಜವಾಗಿ ಆ ಬ್ಯಾಂಕಿನದೇ ಎಂದು ನಡುವೆ ನಿಂತು ಸಾಕ್ಷಿ ಹೇಳುವವರು ಇರುತ್ತಾರೆ ಎಂದು ಅಂಗನವಾಡಿ ಅಕ್ಕನ ಗಂಟಿನಿಂದಲೇ ನಮಗೆ ತಿಳಿಯಿತು. ಲೆಕ್ಕ ಎಷ್ಟೇ ಬಲವಾಗಿದ್ದರೂ ಕಡೆಗೆ ಎಲ್ಲೋ ಒಂದು ಕಡೆ ಒಬ್ಬ ಮನುಷ್ಯನ ಮೇಲೆ ಭರೋಸಾ ಇಡಲೇಬೇಕು ಅನ್ನುತ್ತಿದ್ದರು. ಆಗ ಅದನ್ನು ಪರೀಕ್ಷೆಗೆ ಬರೆದುಕೊಂಡೆ.

ಎರಡನೆಯ ವರ್ಷ ನನಗೆ ಸ್ವಂತ ಫೋನು ಬಂತು. ಅದರೊಂದಿಗೆ ಕಷ್ಟವೂ ಬಂತು. ರಜೆಗೆ ಊರಿಗೆ ಹೋದಾಗ ದೊಡ್ಡಪ್ಪ ಕೈ ಚಾಚಿ, ಫೋನಿನ ಪಾಸ್‌ವರ್ಡ್ ಹೇಳು ಅಂದ. ನಮ್ಮ ಮನೆಯಲ್ಲಿ ದೊಡ್ಡಪ್ಪನ ಮಾತೆಂದರೆ ಮಾತು. ಅಪ್ಪ ಅವನೆದುರು ಕೂತು ಮಾತಾಡಿದ್ದನ್ನೇ ನಾನು ಕಂಡಿರಲಿಲ್ಲ. ಫೋನಿನಲ್ಲಿ ಇದ್ದದ್ದು ಗೆಳತಿಯರ ಹರಟೆ, ದೊಡ್ಡಪ್ಪನ ಮೀಸೆಯ ಬಗ್ಗೆ ಒಂದೆರಡು ಜೋಕು, ಇಷ್ಟೇ. ಆದರೂ ಕೊಡುವುದಿಲ್ಲ ಅಂದೆ. ಕೊಡದಿದ್ದರೆ ಕಾಲೇಜಿಲ್ಲ ಅಂದ. ಕಾಲೇಜು ಶುರುವಾದರೂ ನಾನು ಸಂತಪುರದಲ್ಲೇ ಕುರಿಮರಿಗಳಿಗೆ ಸೊಪ್ಪು ಹಾಕುತ್ತ ಕುಳಿತೆ. ನನ್ನ ಓದು ಮುಗಿಯಿತು ಎಂದೇ ತಿಳಿದಿದ್ದೆ.

ಒಂದು ಮಧ್ಯಾಹ್ನ ಅಂಗಳದಲ್ಲಿ ಬೂಟಿನ ಸಪ್ಪಳ. ನೋಡಿದರೆ ಮೇಡಂ! ನನ್ನ ಗೆಳತಿಯರಿಂದ ಸುದ್ದಿ ತಿಳಿದು, ಬಸ್ಸಿಳಿದು ಬಿಸಿಲಲ್ಲಿ ನಡೆದು ಬಂದಿದ್ದರು. ಅವ್ವ ಕೊಟ್ಟ ನೀರು ಕುಡಿದು, ದೊಡ್ಡಪ್ಪನ ಎದುರು ಹೊರಸಿನ ಮೇಲೆ ಕುಳಿತರು. ದೊಡ್ಡಪ್ಪ ಆಗಷ್ಟೇ ಔರಾದ್ ಸಂತೆಯಿಂದ ಬಂದಿದ್ದ. ಹೆಗಲ ಮೇಲೆ ಟಾವೆಲ್ ಇತ್ತು.

"ನೋಡ್ರಿ ಅಕ್ಕೋರೆ," ಅಂದ ದೊಡ್ಡಪ್ಪ, ಮಾತಿಗೆ ಮೊದಲೇ, "ಗಲತ್ ಏನಿಲ್ಲಂದ್ರ ತೋರ್ಸಾಕ ಏನು? ಮುಚ್ಚಿಡ್ತಾಳ ಅಂದ್ರ ಏನೋ ಅದ ಅಂತನೇ."

"ಕದ ಹಾಕ್ಕೊಂಡು ಜಳಕ ಮಾಡ್ತೀವಿ ಅಣ್ಣಾರ. ಅದೇನು ಕಳ್ತನ ಏನು?"

ಅವ್ವ ಒಳಗೆ ಕಿಸಕ್ಕನೆ ನಕ್ಕಳು. ದೊಡ್ಡಪ್ಪನ ಮುಖ ಕೆಂಪಾಯಿತು. ಮೇಡಂ ಬಿಡಲಿಲ್ಲ. "ಸಂತ್ಯಾಗ ಕುರಿ ಮಾರೂವಾಗ ಕೈ ಮ್ಯಾಲ ಈ ಟಾವೆಲ್ ಯಾಕ ಹಾಕ್ಕೋತೀರಿ?"

ನಮ್ಮ ಕಡೆ ಕುರಿ ವ್ಯಾಪಾರ ಬಾಯಲ್ಲಿ ಆಗುವುದಿಲ್ಲ. ಕೊಳ್ಳುವವನು ಮಾರುವವನು ಟಾವೆಲ್ ಕೆಳಗೆ ಒಬ್ಬರ ಬೆರಳು ಒಬ್ಬರು ಹಿಡಿದು ದರ ಹೇಳಿಕೊಳ್ಳುತ್ತಾರೆ. ಸುತ್ತ ನೂರು ಜನ ನೋಡುತ್ತಿದ್ದರೂ ಮಾತು ಇಬ್ಬರಲ್ಲೇ ಇರುತ್ತದೆ. ದೊಡ್ಡಪ್ಪ ಅದರಲ್ಲಿ ಎತ್ತಿದ ಕೈ. "ಅದು ದಸ್ತೂರ ಅದರಿ, ಹಿರಿಯರ ಪದ್ಧತಿ," ಅಂದ, ಎದೆಯುಬ್ಬಿಸಿ. "ನಮ್ಮಿಬ್ಬರ ಮಾತು ನಡುವಿನವರಿಗಿ ಯಾಕ ಬೇಕು?"

"ಅಷ್ಟೇ ನೋಡ್ರಿ. ಈ ಫೋನಿನಾಗ ಇರೂದೂ ಅಂಥಾದ್ದೇ ಟಾವೆಲ್. ಇಕಿ ಮಾತಾಡಿದ್ದು ಇಕಿಗಿ ಗೊತ್ತು, ಆ ಕಡಿ ಇದ್ದಾಕಿಗಿ ಗೊತ್ತು. ಟಾವೆಲ್ ಹೊಚ್ಚಿಕೊಂಡವರೆಲ್ಲಾ ಕಳ್ಳರಂದ್ರ ಮೊದಲ ಔರಾದ್ ಸಂತಿ ಬಂದ್ ಮಾಡಬೇಕಾಗ್ತದ."

"ಅದು ವ್ಯಾಪಾರ. ಇಕಿ ಹೆಣ್ಣುಡುಗಿ," ಅಂದ ದೊಡ್ಡಪ್ಪ. ಮೇಡಂ ಮುಖ ಸಪ್ಪಗಾಯಿತು. ಆಗ ಬಾಗಿಲ ಬಳಿ ನಿಂತಿದ್ದ ಅಪ್ಪ ಗಂಟಲು ಸರಿಮಾಡಿಕೊಂಡ.

"ಅಣ್ಣಾ, ಟಾವೆಲ್ ಕೆಳಗ ನೀ ಯಾರಿಗರ ಮೋಸ ಮಾಡೀಯೇನು? ಇಲ್ಲಲ್ಲ? ಇಕಿ ನಿನ್ನ ಕೈಯಾಗೇ ಬೆಳೆದಾಕಿ. ಇಕೀನೂ ಮಾಡಂಗಿಲ್ಲ. ನಾಳಿ ಬಸ್ಸಿಗಿ ಕಳಿಸ್ತೀನಿ."

ಅಪ್ಪನ ಬಾಯಿಂದ ಅಷ್ಟು ಉದ್ದದ ಮಾತು ನಾನು ಕೇಳಿದ್ದು ಅದೇ ಮೊದಲು. ದೊಡ್ಡಪ್ಪ ಮೀಸೆ ತಿರುವಿದ. ಕಡೆಗೆ ತನ್ನ ಫೋನು ಜೇಬಿನಿಂದ ತೆಗೆದು ಮೇಡಂ ಕೈಗೆ ಕೊಟ್ಟ. "ಹಂಗಾದ್ರ ನಂದಕ್ಕೂ ಒಂದು ಬೀಗ ಹಾಕ್ಕೊಡ್ರಿ. ಮನಿಯಾಗ ಹುಡುಗ್ರು ಎಲ್ಲಾ ಕೆದರ್ತಾವ."

ಬಸ್ಸಿಗೆ ಬಿಡಲು ಹೋದಾಗ ನನಗೆ ಹೊಗಳಿಕೆ ಸಿಗುತ್ತದೆಂದುಕೊಂಡಿದ್ದೆ. ಸಿಕ್ಕಿದ್ದು ಬೈಗುಳ. "ಹಿಗ್ಗಬ್ಯಾಡ. ಬೀಗ ರೊಟ್ಟಿ ಕಾಯ್ತದ, ಹಳಸಿದ್ದನ್ನ ತಾಜಾ ಮಾಡಂಗಿಲ್ಲ. ಒಳಗ ಏನು ಇಡ್ತಿ ಅನ್ನೂದು ನಿನ್ನ ಜಿಮ್ಮಾ, ನಿನ್ನ ಹೊಣಿ." ಬಸ್ಸು ಹತ್ತಿ ಕಿಟಕಿಯಿಂದ ಮತ್ತೊಮ್ಮೆ ಗದರಿ ಹೋದರು. ಇವತ್ತು ನಾನು ಔರಾದಿನಲ್ಲಿ ಮಕ್ಕಳಿಗೆ ಅದೇ ಪಾಠ ಹೇಳುತ್ತಿದ್ದೇನೆಂದರೆ ಆ ಬಿಸಿಲಲ್ಲಿ ಅವರು ನಡೆದು ಬಂದದ್ದರಿಂದ. ಬೇರೆ ಕಾರಣ ಯಾವುದೂ ಇಲ್ಲ.

ವರ್ಷಗಳು ಕಳೆದವು. ನಾನು ಕೆಲಸಕ್ಕೆ ಸೇರಿದ ಮೇಲೂ ಮೇಡಂ ಜೊತೆ ಮೆಸೇಜು ತಪ್ಪಲಿಲ್ಲ. ಒಂದು ದಿನ ಅವರಿಂದ ಬಂದದ್ದು ಆಸ್ಪತ್ರೆಯ ವಿಷಯ. ಕ್ಯಾನ್ಸರು. ಕಾಲೇಜಿನಲ್ಲಿ ತರಬೇತಿ ಇದೆಯೆಂದು ಹೇಳಿ ಹೈದರಾಬಾದಿಗೆ ಹೋಗಿಬರುತ್ತಿದ್ದರು. ಊರಿನಲ್ಲಿ ಅಲ್ಸರ್ ಎಂದಿದ್ದರು. ತಾಯಿಗೆ ಗೊತ್ತಾದರೆ ಊಟ ಬಿಡುತ್ತಾರೆ, ಅಣ್ಣನಿಗೆ ಗೊತ್ತಾದರೆ ಎತ್ತು ಹೊಲ ಬಿಟ್ಟು ಓಡಿ ಬರುತ್ತಾನೆ, ಕಡೆಗೆ ಹೇಳುತ್ತೇನೆ, ಈಗ ಬೇಡ ಅಂದರು. ಕೆಲವು ಸಲ ನಾನು ಜೊತೆಗೆ ಹೋದೆ. ಉಳಿದ ದಿನ ಅವರು ಬರೆಯುತ್ತಿದ್ದರು, ನಾನು ಓದಿ ಉತ್ತರ ಬರೆಯುತ್ತಿದ್ದೆ. ಸೀಮೆಸುಣ್ಣದ ಮೇಡಂ ಎಂದೂ ಯಾರೆದುರೂ ಆಡದ ಮಾತುಗಳು ಅಲ್ಲಿದ್ದವು. "ಇದು ನಮ್ಮಿಬ್ಬರಲ್ಲೇ ಇರಲಿ. ಮಾತು ಕೊಡು" ಎಂದು ಕೇಳಿದರು. ಕೊಟ್ಟೆ. ಅವುಗಳಲ್ಲಿ ಏನಿತ್ತು ಎಂದು ಇಲ್ಲಿಯೂ ಬರೆಯುವುದಿಲ್ಲ; ಓದುಗರು ಬೇಸರ ಮಾಡಿಕೊಂಡರೂ ಸರಿ.

ಮನೆಯವರಿಗೆ ಗೊತ್ತಾಗುವ ಹೊತ್ತಿಗೆ ತಡವಾಗಿತ್ತು. ಭಾತಂಬ್ರಾದಲ್ಲೇ, ತಾಯಿಯ ಪಕ್ಕದಲ್ಲಿ ತೀರಿಕೊಂಡರು. ಅವರ ಫೋನು ಯಾರಿಗೂ ತೆರೆಯಲು ಬರಲಿಲ್ಲ. ಅಣ್ಣ ಅದನ್ನು ಭಾಲ್ಕಿಯ ಮೊಬೈಲ್ ಅಂಗಡಿಗೂ ಒಯ್ದಿದ್ದರಂತೆ. ಆಗದೆ, ಕೊನೆಯ ದಿನಗಳಲ್ಲಿ ತಂಗಿ ನನಗೇ ಬರೆಯುತ್ತಿದ್ದುದನ್ನು ಕಂಡಿದ್ದರಿಂದ ನನಗೆ ಫೋನ್ ಮಾಡಿದರು. ಫೋನಿನಲ್ಲಿ ಇಲ್ಲ ಅನ್ನಲು ಬಾಯಿ ಬರಲಿಲ್ಲ. ಭಾತಂಬ್ರಾಕ್ಕೆ ಹೋದೆ.

ಗೋಡೆಯ ಮೇಲೆ ಬುದ್ಧನ ಚಿತ್ರ, ಅದರ ಪಕ್ಕದಲ್ಲಿ ಮೇಡಂ ಫೋಟೋ. ತಾಯಿ ಮೊರದಲ್ಲಿ ತೊಗರಿಬೇಳೆ ಹಸನು ಮಾಡುತ್ತ ಕುಳಿತಿದ್ದರು. ಅಣ್ಣ ಆ ಮುಚ್ಚಿದ ಫೋನನ್ನು ನನ್ನ ಮುಂದಿಟ್ಟರು.

"ಕಂಪನಿಯವರಿಗಿ ಕೇಳಿದ್ರ ಸಿಗಂಗಿಲ್ಲೇನ್ರಿ?"

"ಸಿಗಂಗಿಲ್ರಿ ಅಣ್ಣಾ. ಅವರಿಗೂ ಓದಾಕ ಬರಂಗಿಲ್ಲ. ನಡುವ ಯಾರಿಗೂ ಬರಂಗಿಲ್ಲ. ಬರೆದವರ ಫೋನಿನಾಗ ಇರ್ತದ, ಓದಿದವರ ಫೋನಿನಾಗ ಇರ್ತದ. ಎರಡೇ ಕಡಿ."

"ಒಂದು ಕಡಿ ನೀವೇ ಇದ್ದೀರಲ್ರೀ," ಅಂದರು ಅವರು.

ಇಷ್ಟು ವರ್ಷ ಮಕ್ಕಳಿಗೆ ಬೀಗದ ಬಲ ಹೇಳಿಕೊಂಡು ಬಂದವಳು ನಾನು. ಈಗ ಯಾವ ಬೀಗವೂ ಅಡ್ಡ ಇರಲಿಲ್ಲ. ಫೋನು ನನ್ನ ಚೀಲದಲ್ಲೇ ಇತ್ತು, ಹೆಬ್ಬೆರಳಿಟ್ಟರೆ ತೆರೆದುಕೊಳ್ಳುತ್ತಿತ್ತು. ಎದುರಿಗೆ ಅಳುತ್ತಿರುವ ಮನುಷ್ಯ. ತೋರಿಸಿದರೆ ಯಾರಿಗೆ ಏನು ನಷ್ಟ? ಮೇಡಂ ಎದ್ದು ಬಂದು ಕೇಳುತ್ತಾರೆಯೇ? ಚೀಲದೊಳಗೆ ಕೈ ಹೋಗಿದ್ದೂ ನಿಜ.

"ಆಗಂಗಿಲ್ರಿ," ಅಂದೆ. "ಮಾತು ಕೊಟ್ಟೀನಿ."

"ನಾ ಅಕಿ ಖಾಸಾ ಅಣ್ಣ ಇದ್ದೀನಿ. ನೀವು ಯಾರ್ರಿ?" ಎಂದು ಅವರು ಎದ್ದೇ ಬಿಟ್ಟರು. ದನಿ ಒಡೆದಿತ್ತು. ತಪ್ಪು ಅವರದಲ್ಲ, ನಾನಾಗಿದ್ದರೂ ಹಾಗೇ ಕೇಳುತ್ತಿದ್ದೆ. ಅಷ್ಟರಲ್ಲಿ ತಾಯಿ ಮೊರ ಕೆಳಗಿಟ್ಟರು.

"ಕುಂದ್ರಪ್ಪಾ ನೀ," ಅಂದರು ಮಗನಿಗೆ. ಆಮೇಲೆ ನನ್ನ ಕಡೆ ತಿರುಗಿದರು. "ಅಕಿ ನಿನಗ ಎಲ್ಲಾ ಹೇಳ್ಕೋತಿದ್ಳೇನವ್ವಾ?"

"ಹೂಂ, ಆಯೀ."

"ಅಕಿ ಬರ್ದಾಗೆಲ್ಲಾ ನೀ ಜವಾಬು ಕೊಟ್ಟೀಯೇನು? ಒಂದ್ ಸಲನೂ ಸುಮ್ಮನಿದ್ದಿಲ್ಲಾ?"

"ಇಲ್ಲ ಆಯೀ. ಎಲ್ಲಾ ಸಲ ಕೊಟ್ಟೀನಿ."

ಮುದುಕಿ ದೊಡ್ಡದೊಂದು ಉಸಿರು ಬಿಟ್ಟರು. ಎಷ್ಟೋ ದಿನದಿಂದ ಹಿಡಿದಿಟ್ಟುಕೊಂಡಿದ್ದ ಉಸಿರು. "ನನಗ ಅದೇ ಒಂದು ಫಿಕರ್ ಇತ್ತು ನೋಡವ್ವಾ. ಒಬ್ಬಾಕಿನೇ ನುಂಗ್ಕೋತ ಹೋದ್ಳೇನೋ ಅಂತ. ನಿದ್ದಿ ಹತ್ತಿದ್ದಿಲ್ಲ ನನಗ. ಅಕಿ ಒಬ್ಬಾಕಿ ಇರ್ಲಿಲ್ಲ ಅಂದ್ರ ಸಾಕು. ಏನಂದ್ಳು ಅಂತ ನನಗ ಬ್ಯಾಡ. ಅಕಿ ಮಾತು ನಿನ್ನ ಹತ್ರನ ಇರ್ಲಿ."

ನಾನು ಅವರ ಮಡಿಲಲ್ಲಿ ಮುಖವಿಟ್ಟು ಅತ್ತೆ. ಮೇಡಂ ತೀರಿಕೊಂಡ ದಿನವೂ ನಾನು ಹಾಗೆ ಅತ್ತಿರಲಿಲ್ಲ. ಅಣ್ಣ ತಂಗಿಯ ಮುಚ್ಚಿದ ಫೋನನ್ನು ಅಂಗಿಯ ತುದಿಯಿಂದ ಒರೆಸಿ ಫೋಟೋದ ಕೆಳಗಿಟ್ಟರು. ಒಳಗೆ ಹೋಗಿ ಒಂದು ತಂಬಿಗೆ ನೀರು ತಂದು ನನ್ನ ಮುಂದೆ ಹಿಡಿದರು.

"ಕುಡೀರಿ," ಅಂದರು. "ಅಕಿ ನಿಮಗೇ ಯಾಕ ಹೇಳಿದ್ಳು ಅಂತ ಈಗ ಗೊತ್ತಾತು."